ತೋನ್ಸೆಪಾರಿನ ಕಂಬಗಳ ಮುಂದೆ ಎರಡು ಸಲ

ಮಲ್ಪೆಯ ಎದುರಿಗಿರುವ ಸೇಂಟ್ ಮೇರೀಸ್ ದ್ವೀಪಕ್ಕೆ, ಅಂದರೆ ಸ್ಥಳೀಯರ ತೋನ್ಸೆಪಾರಿಗೆ, ನಾನು ಎರಡು ಸಲ ಹೋಗಿದ್ದೇನೆ, ಎರಡೂ ಸಲ ಮಾರ್ಗದರ್ಶಕರ ಜೊತೆಗೇ. ಮೊದಲ ಸಲದ ಮಾರ್ಗದರ್ಶಕ ನಮ್ಮ ತಲೆಗಳನ್ನು ಎಣಿಸುವುದರಲ್ಲಿ ನಿಪುಣನಾಗಿದ್ದ. ದೋಣಿ ಹತ್ತುವಾಗ ಎಣಿಸಿದ, ಇಳಿಯುವಾಗ ಎಣಿಸಿದ, ನಡುವೆ ಫೋಟೊ ತೆಗೆಸಿಕೊಳ್ಳಲು ಒಳ್ಳೆಯ ಮೂರು ಜಾಗಗಳನ್ನು ತೋರಿಸಿದ. ಕಂಬದಂತೆ ನಿಂತ ಆ ಬಂಡೆಗಳಿಗೆ ಆರು ಮೂಲೆ ಏಕೆ ಬಂದವು ಎಂದು ಕೇಳಿದ್ದಕ್ಕೆ "ದೇವರು ಮಾಡಿದ್ದು ಮೇಡಂ" ಎಂದು ಹೇಳಿ ಮತ್ತೆ ಎಣಿಕೆಗೆ ಹೋದ. ಹಾವೇರಿ ಜಿಲ್ಲೆಯ ಪ್ರೌಢಶಾಲೆಯೊಂದರಲ್ಲಿ ಇಪ್ಪತ್ತೇಳು ವರ್ಷ ವಿಜ್ಞಾನ ಕಲಿಸಿ ನಿವೃತ್ತಳಾದ ನಾನು ಆ ಉತ್ತರವನ್ನು ತಪ್ಪೆಂದು ಹೇಳಲಾರೆ, ಆದರೆ ಉತ್ತರಪತ್ರಿಕೆಯಲ್ಲಿ ಯಾರಾದರೂ ಹಾಗೆ ಬರೆದಿದ್ದರೆ ಅಂಕ ಕೊಡುತ್ತಿರಲಿಲ್ಲ. ಉಡುಪಿ, ಕೊಲ್ಲೂರು, ಮುರ್ಡೇಶ್ವರಗಳನ್ನೆಲ್ಲ ಎರಡೇ ದಿನದಲ್ಲಿ ಮುಗಿಸುವ ಪ್ರವಾಸದಲ್ಲಿ ಅದೂ ಒಂದು ತಾಣವಾಗಿತ್ತು. ಮಧ್ಯಾಹ್ನ ಎರಡರ ಬಿಸಿಲಿನಲ್ಲಿ ಕಾದ ಬಂಡೆಗಳ ಮೇಲೆ ಮುಕ್ಕಾಲು ಗಂಟೆ ಕಳೆದು ವಾಪಸು ಬಂದೆವು.

ಎರಡನೆಯ ಸಲ ಹೋಗಿದ್ದು ಮರುವರ್ಷದ ಜನವರಿಯಲ್ಲಿ. ಈ ಸಲ ಪ್ರವಾಸದವರ ಹಂಗು ಬೇಡವೆಂದು, ನಿವೃತ್ತ ಮತ್ತು ಹಾಲಿ ಶಿಕ್ಷಕರು ಹನ್ನೆರಡು ಮಂದಿ ಸೇರಿ, ನನ್ನ ಹಳೆಯ ವಿದ್ಯಾರ್ಥಿಯೊಬ್ಬನ ಮೂಲಕ ಉಡುಪಿಯಲ್ಲಿರುವ ಭೂವಿಜ್ಞಾನದ ಉಪನ್ಯಾಸಕರೊಬ್ಬರನ್ನು ಹುಡುಕಿ, ಒಂದು ದಿನ ನಮ್ಮ ಜೊತೆ ಬರಲು ಒಪ್ಪಿಸಿದೆವು. ಅವರು ಸಂಭಾವನೆಯ ಮಾತನ್ನು ಎತ್ತಲೇ ಇಲ್ಲ, ಬದಲಿಗೆ ಮೂರು ಷರತ್ತು ಹಾಕಿದರು. ಶನಿವಾರ, ಭಾನುವಾರ ಬೇಡ. ಬೆಳಗಿನ ಮೊದಲ ದೋಣಿಯೇ ಆಗಬೇಕು. ಬರುವ ಮೊದಲು ಪ್ರತಿಯೊಬ್ಬರೂ ಮನೆಯಲ್ಲಿ ಒಂದು ಪ್ರಯೋಗ ಮಾಡಿ ನೋಡಿರಬೇಕು.

ಆ ಪ್ರಯೋಗದ ವಿವರವನ್ನು ಸ್ವಲ್ಪ ವಿಸ್ತಾರವಾಗಿಯೇ ಬರೆಯುತ್ತೇನೆ, ಏಕೆಂದರೆ ದ್ವೀಪದ ಅರ್ಧ ಭಾಗವನ್ನು ನಾನು ನೋಡಿದ್ದು ನಮ್ಮ ಅಡುಗೆಮನೆಯಲ್ಲಿ. ಕಾರ್ನ್‌ಫ್ಲೋರ್ ಮತ್ತು ನೀರನ್ನು ಸಮತೂಕದಲ್ಲಿ ಕಲಸಿ, ಎರಡು ಬೆರಳಿನಷ್ಟು ಎತ್ತರಕ್ಕೆ ಒಂದು ಡಬ್ಬಿಗೆ ಸುರಿದು, ಬೂಸ್ಟು ಹಿಡಿಯದಂತೆ ಒಂದೆರಡು ಹನಿ ಬ್ಲೀಚ್ ಹಾಕಿ, ಮೇಲೆ ಒಂದು ಗೇಣು ದೂರದಲ್ಲಿ ಬಿಸಿ ಕೊಡುವ ಹಳೆಯ ಮಾದರಿಯ ಬಲ್ಬನ್ನು ಉರಿಸಿಡಬೇಕು. ಆ ಬಲ್ಬು ಸಿಗುವುದೇ ಈಗ ದೊಡ್ಡ ಕಷ್ಟ. ಎಲ್‌ಇಡಿ ದೀಪಕ್ಕೆ ಬೇಕಾದಷ್ಟು ಕಾವಿಲ್ಲ. ನಾನು ಮೂರು ಅಂಗಡಿ ತಿರುಗಿ, ಕೊನೆಗೆ ಕೋಳಿಮರಿಗಳಿಗೆ ಕಾವು ಕೊಡಲು ಇಟ್ಟುಕೊಂಡಿದ್ದ ಪಕ್ಕದ ಮನೆಯವರಿಂದ ಒಂದನ್ನು ಎರವಲು ತಂದೆ. ಮೊದಲು ಕೆರೆಯಂಗಳದ ಮಣ್ಣು ಬಿರಿದಂತೆ ನಾಲ್ಕಾರು ದೊಡ್ಡ ಬಿರುಕುಗಳು ಕಾಣಿಸಿಕೊಂಡವು, ಅದಾದ ಮೇಲೆ ಮೂರ್ನಾಲ್ಕು ದಿನ ಮೇಲುನೋಟಕ್ಕೆ ಏನೂ ನಡೆಯಲಿಲ್ಲ. ಒಂದು ವಾರದ ನಂತರ ಗಟ್ಟಿಯಾದ ತುಂಡೊಂದನ್ನು ಮೆಲ್ಲಗೆ ಎಬ್ಬಿಸಿ ಬಗ್ಗಿಸಿ ನೋಡಿದರೆ, ಒಳಗೆಲ್ಲ ಬೆಂಕಿಕಡ್ಡಿಗಳನ್ನು ಒತ್ತಾಗಿ ನಿಲ್ಲಿಸಿದಂತೆ ಸಣ್ಣ ಸಣ್ಣ ಬಿಳಿಯ ಕಂಬಗಳು! ಮೇಲ್ಭಾಗದಲ್ಲಿ ತೆಳ್ಳಗೆ, ಕೆಳಗೆ ಇಳಿದಂತೆ ಸ್ವಲ್ಪ ದಪ್ಪ. ಮೊಮ್ಮಗಳು ಅದನ್ನು ಪೇಢೆ ಎಂದು ತಿಳಿದು ತಿನ್ನಲು ಹೋದದ್ದನ್ನು ಬಿಟ್ಟರೆ ಪ್ರಯೋಗ ಪೂರ್ಣವಾಗಿ ಯಶಸ್ವಿಯಾಯಿತು.

ದ್ವೀಪಕ್ಕೆ ಹೋಗುವವರು ದಿನವನ್ನು ಗೊತ್ತುಮಾಡುವ ಮೊದಲು ಸಮುದ್ರದ ಪಂಚಾಂಗವನ್ನು ನೋಡಬೇಕು. ಮೇ ಮಧ್ಯದಿಂದ ಸೆಪ್ಟೆಂಬರ್‌ವರೆಗೆ ಸಾಮಾನ್ಯವಾಗಿ ಪ್ರವಾಸಿ ದೋಣಿಗಳು ಹೋಗುವುದಿಲ್ಲ, ಅಕ್ಟೋಬರಿನಲ್ಲಿಯೂ ಕಡಲು ಎದ್ದರೆ ಅಂದಿನ ಸಂಚಾರ ರದ್ದಾಗುತ್ತದೆ. ಡಿಸೆಂಬರಿನಿಂದ ಫೆಬ್ರುವರಿಯವರೆಗಿನ ದಿನಗಳು ಒಳ್ಳೆಯವು. ದಿನದೊಳಗೂ ವ್ಯತ್ಯಾಸವಿದೆ. ಮಲ್ಪೆಯ ದೋಣಿಯವರೊಬ್ಬರಿಗೆ ಹಿಂದಿನ ದಿನ ಫೋನ್ ಮಾಡಿದಾಗ ಅವರು, "ಬೇಗ ಬನ್ನಿ ಮಾರಾಯ್ರೆ, ಬೆಳಿಗ್ಗೆ ಕಡಲು ತಟ್ಟೆ ಹಾಗೆ ಇರ್ತದೆ, ಬಿಸಿಲು ಏರಿದ ಮೇಲೆ ಗಾಳಿ ಏಳ್ತದೆ" ಎಂದರು. ನೆಲ ಕಾದಂತೆಲ್ಲ ಕಡಲಿನ ಕಡೆಯಿಂದ ಗಾಳಿ ಬೀಸತೊಡಗುತ್ತದೆ ಎಂದು ಎಂಟನೆಯ ತರಗತಿಯ ಮಕ್ಕಳಿಗೆ ನಾನು ವರ್ಷಗಟ್ಟಲೆ ಚಿತ್ರ ಬರೆದು ಹೇಳಿಕೊಟ್ಟಿದ್ದೆ, ಆದರೆ ಆ ಗಾಳಿಯನ್ನು ನೋಡಿಕೊಂಡು ದೋಣಿಯ ಸಮಯವನ್ನು ಗೊತ್ತುಮಾಡಬೇಕೆಂಬುದು ನನಗೆ ಹೊಳೆದಿರಲಿಲ್ಲ.

ಉಡುಪಿಯಿಂದ ಮಲ್ಪೆಗೆ ಆರು ಕಿಲೊಮೀಟರ್. ಬಂದರಿನಲ್ಲಿ ರಾತ್ರಿಯ ಮೀನುಗಾರಿಕೆ ಮುಗಿಸಿ ಬಂದ ದೋಣಿಗಳು ಬಂಗುಡೆ, ಬೂತಾಯಿಗಳನ್ನು ಬುಟ್ಟಿಬುಟ್ಟಿಯಾಗಿ ಇಳಿಸುತ್ತಿದ್ದವು. ಮಂಜುಗಡ್ಡೆ ಪುಡಿ ಮಾಡುವ ಸದ್ದಿನಲ್ಲಿ ಪಕ್ಕದವರ ಮಾತು ಕೇಳುತ್ತಿರಲಿಲ್ಲ. ನಮ್ಮ ಗುಂಪಿನಲ್ಲಿ ಮೀನಿನ ವಾಸನೆಗೆ ಸೆರಗಿನಿಂದ ಮೂಗು ಮುಚ್ಚಿಕೊಂಡವರು ನಾಲ್ವರಿದ್ದರು, ಮಧ್ಯಾಹ್ನದ ಊಟಕ್ಕೆ ಅದೇ ಮೀನನ್ನು ಈಗಲೇ ಗೊತ್ತುಮಾಡಿಟ್ಟವರೂ ಇಬ್ಬರಿದ್ದರು. ಅಲ್ಲಿ ನಮ್ಮ ಚೀಲಗಳನ್ನು ತಪಾಸಣೆ ಮಾಡಿ, ಪ್ಲಾಸ್ಟಿಕ್ ಪೊಟ್ಟಣಗಳನ್ನು ತೆಗೆದಿಟ್ಟರು. ಸ್ಟೀಲ್ ಬಾಟಲಿಗಳಲ್ಲಿ ನೀರು, ತಲೆಗೆ ಟೋಪಿ, ಹಿಂದೆ ಪಟ್ಟಿಯಿರುವ ಗಟ್ಟಿ ಚಪ್ಪಲಿ, ಇಷ್ಟನ್ನು ಮಾತ್ರ ತರಬೇಕೆಂದು ಮೊದಲೇ ಎಲ್ಲರಿಗೂ ಹೇಳಿದ್ದರಿಂದ ನಮಗೆ ತೊಂದರೆಯಾಗಲಿಲ್ಲ. ದ್ವೀಪದಲ್ಲಿ ಜನವಸತಿಯಿಲ್ಲ, ರಾತ್ರಿ ಉಳಿಯಲು ಅವಕಾಶವೂ ಇಲ್ಲ.

ದೋಣಿ ಬಂದರಿನ ಬಾಯಿಯನ್ನು ದಾಟುವಾಗ ಉಪನ್ಯಾಸಕರು ಎಡಕ್ಕೂ ನೋಡಬೇಡಿ, ಬಲಕ್ಕೂ ನೋಡಬೇಡಿ, ಹಿಂದಕ್ಕೆ ತಿರುಗಿ ಕರಾವಳಿಯನ್ನು ನೋಡಿ ಎಂದರು. ತೆಂಗಿನ ಸಾಲಿನ ಹಿಂದೆ, ಮಂಜಿನಲ್ಲಿ ಮಸುಕಾಗಿ, ಪಶ್ಚಿಮ ಘಟ್ಟದ ಗೋಡೆ ಕಾಣುತ್ತಿತ್ತು. "ಆ ಗೋಡೆಗೂ ನಾವು ಹೋಗುತ್ತಿರುವ ಕಲ್ಲಿಗೂ ಸಂಬಂಧವಿದೆ, ಅಲ್ಲಿ ಇಳಿದ ಮೇಲೆ ಹೇಳುತ್ತೇನೆ" ಎಂದು ಅಷ್ಟಕ್ಕೇ ನಿಲ್ಲಿಸಿದರು. ಕುತೂಹಲವನ್ನು ಅರ್ಧ ಗಂಟೆ ಹಾಗೆಯೇ ಕಟ್ಟಿಡುವ ಕಲೆ ಒಳ್ಳೆಯ ಮೇಷ್ಟರಿಗೆ ಮಾತ್ರ ಗೊತ್ತು. ಮಧ್ವಾಚಾರ್ಯರು ಇದೇ ಕಡಲಿನಲ್ಲಿ ತೊಂದರೆಗೆ ಸಿಕ್ಕ ಹಡಗನ್ನು ದಡ ಸೇರಿಸಿ, ಅದರಲ್ಲಿದ್ದ ಗೋಪೀಚಂದನದ ಗಡ್ಡೆಯಿಂದ ಉಡುಪಿಯ ಕೃಷ್ಣನನ್ನು ಪಡೆದ ಕಥೆಯನ್ನು ನಮ್ಮ ಸಂಸ್ಕೃತ ಶಿಕ್ಷಕರು ಆ ಅರ್ಧ ಗಂಟೆಯಲ್ಲಿ ಸೊಗಸಾಗಿ ಹೇಳಿದರು.

ಇಲ್ಲಿ ಇರುವುದು ಒಂದೇ ದ್ವೀಪವಲ್ಲ, ಉತ್ತರ ದಕ್ಷಿಣವಾಗಿ ಹರಡಿದ ಸಣ್ಣ ದ್ವೀಪಗಳ ಸಾಲು. ಅವುಗಳಲ್ಲಿ ದರಿಯಾ ಬಹಾದ್ದೂರ್‌ಗಡ ಎಂಬುದರಲ್ಲಿ ಕೆಳದಿಯ ಬಸಪ್ಪ ನಾಯಕ ಕಟ್ಟಿಸಿದನೆನ್ನುವ ಕೋಟೆಯ ಅವಶೇಷವಿದೆ. ಪ್ರವಾಸಿಗರು ಇಳಿಯುವುದು ತೆಂಗಿನ ಮರಗಳಿರುವ ದ್ವೀಪದಲ್ಲಿ. ಸ್ಥಳೀಯರು ಅದನ್ನು ತೋನ್ಸೆಪಾರ್ ಎನ್ನುತ್ತಾರೆ. ಸೇಂಟ್ ಮೇರಿಯ ಹೆಸರು ಬಂದದ್ದು ವಾಸ್ಕೊ ಡ ಗಾಮನಿಂದ. ಅವನು ಕೋಯಿಕ್ಕೋಡ್ ತಲುಪುವ ಮೊದಲು ಇಲ್ಲಿ ಇಳಿದನೆಂದು ಮೊದಲ ಸಲದ ಪ್ರವಾಸದಲ್ಲಿ ನಮಗೆ ಹೇಳಿದ್ದರು, ಆದರೆ ಆ ಯಾನದ ದಿನಚರಿಯ ಪ್ರಕಾರ ಅವನ ಜನ ಈ ಪುಟ್ಟ ದ್ವೀಪಗಳಲ್ಲೊಂದರ ಮೇಲೆ ಕಲ್ಲಿನ ಸ್ತಂಭ ನೆಟ್ಟು ಸಂತ ಮೇರಿಯ ಹೆಸರಿಟ್ಟದ್ದು 1498ರ ಸೆಪ್ಟೆಂಬರಿನಲ್ಲಿ, ಕೋಯಿಕ್ಕೋಡಿನಿಂದ ಹಿಂದಿರುಗುವಾಗ. ಅಲ್ಲಿಂದ ಅವರು ಕಾರವಾರದ ಬಳಿಯ ಅಂಜದೀವಕ್ಕೆ ಹೋದರು. ಪ್ರಕೃತಿಯೇ ಇಷ್ಟೊಂದು ಕಂಬಗಳನ್ನು ನೆಟ್ಟಿದ್ದ ಜಾಗದಲ್ಲಿ ಅವರು ಇನ್ನೊಂದನ್ನು ನೆಟ್ಟರಲ್ಲ ಎಂದು ನನಗೆ ನಗು ಬಂತು.

ಇಳಿದ ತಕ್ಷಣ ಎಲ್ಲರೂ ಫೋನ್ ತೆಗೆದರು. ಉಪನ್ಯಾಸಕರು ತಡೆಯಲಿಲ್ಲ, ಹತ್ತು ನಿಮಿಷ ಸುಮ್ಮನೆ ಕಾದು, ಆಮೇಲೆ ನಮ್ಮನ್ನು ಕಂಬಗಳ ತಲೆಗಳು ನೆಲಹಾಸಿನಂತೆ ಹರಡಿಕೊಂಡಿದ್ದ ಒಂದು ಕಡೆಗೆ ಕರೆದೊಯ್ದು, ಬಾಟಲಿಯ ನೀರನ್ನು ಒಂದು ಕಂಬದ ತಲೆಯ ಮೇಲೆ ಸುರಿದರು. ನೀರು ಅಂಚಿನವರೆಗೆ ಹರಿದು, ಸಂದಿಗಳಿಗೆ ಇಳಿದು, ಕಂಬದ ಸುತ್ತಲಿನ ಗೆರೆಯನ್ನು ಪೆನ್ಸಿಲಿನಿಂದ ಎಳೆದಂತೆ ಕಪ್ಪಾಗಿ ತೋರಿಸಿತು. "ಈಗ ಮೂಲೆಗಳನ್ನು ಎಣಿಸಿ" ಎಂದರು. ಎಣಿಸಿದೆವು. ಆರು ಮೂಲೆಯವು ಹೇರಳವಾಗಿದ್ದವು, ಐದು ಮೂಲೆಯವೂ ಕಡಿಮೆಯೇನಿರಲಿಲ್ಲ, ಏಳು ಮೂಲೆಯ ಒಂದನ್ನು ಗಣಿತದ ಶಿಕ್ಷಕರು ಪತ್ತೆ ಹಚ್ಚಿದರು. ಎಲ್ಲವೂ ಷಟ್ಕೋನವೆಂದು ನಾನು ಎಷ್ಟೋ ವರ್ಷ ಹೇಳಿಕೊಟ್ಟಿದ್ದೆನಲ್ಲ, ಆ ಮಕ್ಕಳ ನೆನಪಾಗಿ ನಾಚಿಕೆಯಾಯಿತು.

ಅವರು ಕೊಟ್ಟ ವಿವರಣೆ ಹೀಗಿತ್ತು. ಲಾವಾರಸ ತಣ್ಣಗಾಗುವಾಗ ಕುಗ್ಗುತ್ತದೆ. ಕುಗ್ಗಲು ಜಾಗವಿಲ್ಲದೆ ಬಿರಿಯುತ್ತದೆ. ಮೊದಲ ಬಿರುಕುಗಳು ಮೇಲ್ಮೈಯಲ್ಲಿ ಅಡ್ಡಾದಿಡ್ಡಿಯಾಗಿ, ಒಂದಕ್ಕೊಂದು ಲಂಬವಾಗಿ ಕೂಡುತ್ತವೆ. ತಂಪು ಒಳಗೆ ಇಳಿದಂತೆ ಬಿರುಕೂ ಜೊತೆಗೇ ಇಳಿಯುತ್ತದೆ, ಇಳಿಯುತ್ತ ಇಳಿಯುತ್ತ ತನ್ನ ದಾರಿಯನ್ನು ತಿದ್ದಿಕೊಳ್ಳುತ್ತದೆ. ಮೂರು ಬಿರುಕುಗಳು ಸಮಾನವಾದ ಕೋನದಲ್ಲಿ, ಅಂದರೆ 120 ಡಿಗ್ರಿಯಲ್ಲಿ ಕೂಡಿದರೆ ಕಲ್ಲಿನೊಳಗಿನ ಬಿಗಿತ ಎಲ್ಲಕ್ಕಿಂತ ಚೆನ್ನಾಗಿ ಸಡಿಲಗೊಳ್ಳುವುದರಿಂದ, ಕೆಳಗಿಳಿದಂತೆ ಆಕಾರಗಳು ಷಟ್ಕೋನದ ಕಡೆಗೆ ವಾಲುತ್ತವೆ, ಆದರೆ ಎಲ್ಲವೂ ಅಲ್ಲಿಗೆ ಮುಟ್ಟುವುದಿಲ್ಲ. ಬೇಗ ತಣಿದರೆ ಕಂಬ ತೆಳುವಾಗುತ್ತದೆ, ನಿಧಾನವಾಗಿ ತಣಿದರೆ ದಪ್ಪವಾಗುತ್ತದೆ. ನನ್ನ ಡಬ್ಬಿಯೊಳಗೆ ಕಾವು ಹೋಗುವ ಬದಲು ನೀರು ಹೋಗಿತ್ತು, ಅಷ್ಟೇ ವ್ಯತ್ಯಾಸ. ಬಲ್ಬಿನ ಹತ್ತಿರ ಬೇಗ ಒಣಗಿದ ಭಾಗದಲ್ಲಿ ಕಂಬಗಳು ಸಣ್ಣಗಿದ್ದುದರ ಅರ್ಥ ಆಗ, ಆ ಬಂಡೆಯ ಮೇಲೆ ನಿಂತಾಗ ನನಗೆ ಹೊಳೆಯಿತು. ಗುತ್ತಲದ ಕಡೆಯಿಂದ ಬಂದ ನನ್ನ ಸಹೋದ್ಯೋಗಿಯೊಬ್ಬರು ಬಂಡೆಯನ್ನು ಕೈಯಿಂದ ಸವರಿ, "ಅಕ್ಕೋರೆ, ಇದನ್ನ ಯಾರೂ ಕೆತ್ತಿಲ್ಲ ಅಂದ್ರ ನಂಬಾಕ ಆಗೂದಿಲ್ಲ ನೋಡ್ರಿ" ಎಂದರು.

ಕಲ್ಲಿನ ಹೆಸರಿನ ವಿಷಯದಲ್ಲಿಯೂ ಒಂದು ತಿದ್ದುಪಡಿ ಸಿಕ್ಕಿತು. ಎಲ್ಲ ಕಡೆ ಇದನ್ನು ಬಸಾಲ್ಟ್, ಅಂದರೆ ಲಾವಾ ತಣಿದು ಆಗುವ ಕಪ್ಪು ಕಲ್ಲು ಎಂದೇ ಬರೆಯುತ್ತಾರೆ, ಆದರೆ ಇದರಲ್ಲಿ ಸಿಲಿಕದ, ಅಂದರೆ ಮರಳಿನಲ್ಲಿ ಹೆಚ್ಚಾಗಿರುವ ವಸ್ತುವಿನ ಅಂಶ ಬಸಾಲ್ಟಿಗಿಂತ ಬಹಳ ಹೆಚ್ಚು. ಇದು ರಯೊಲೈಟ್, ಡೇಸೈಟ್ ಎಂಬ ಸಿಲಿಕ ಹೆಚ್ಚಿರುವ ಲಾವಾಕಲ್ಲುಗಳ ಬಳಗಕ್ಕೆ ಸೇರಿದ ಕಲ್ಲು. ಭೂತಗನ್ನಡಿಯನ್ನು ಕೈಯಿಂದ ಕೈಗೆ ದಾಟಿಸಿ ನೋಡಿದಾಗ ಬೂದು ಹಿನ್ನೆಲೆಯಲ್ಲಿ ಫೆಲ್ಡ್‌ಸ್ಪಾರ್ ಎಂಬ ಖನಿಜದ ಬಿಳಿ ಚುಕ್ಕೆಗಳು ಕಂಡವು. ಸುಮಾರು 8.5ರಿಂದ 9 ಕೋಟಿ ವರ್ಷಗಳ ಹಿಂದೆ, ಮಡಗಾಸ್ಕರ್ ಭಾರತದ ಪಶ್ಚಿಮದ ಅಂಚಿನಿಂದ ಬೇರ್ಪಟ್ಟ ಕಾಲದಲ್ಲಿ ಉಕ್ಕಿದ ಲಾವಾ ಇದು. ಮಡಗಾಸ್ಕರಿನಲ್ಲಿಯೂ ಅದೇ ಕಾಲದ ಅಗ್ನಿಶಿಲೆಗಳಿವೆ. ನಮ್ಮ ಉತ್ತರದ ಜಿಲ್ಲೆಗಳಿಗೆ ಕಪ್ಪು ಎರೆಮಣ್ಣು ಕೊಟ್ಟ ದಖ್ಖನ್ ಲಾವಾ ಇದಕ್ಕಿಂತ ಎರಡು ಕೋಟಿ ವರ್ಷ ಕಿರಿಯದು. ದೋಣಿಯಲ್ಲಿ ಬಾಕಿ ಉಳಿಸಿದ್ದ ಮಾತು ಆಗ ಬಂತು: ನಾವು ಹಿಂದಿರುಗಿ ನೋಡಿದ ಘಟ್ಟದ ಗೋಡೆ ಈ ಭೂಭಾಗ ಹರಿದು ಬೇರ್ಪಟ್ಟ ಕಥೆಯ ಭಾಗ, ಕಾಲಿನ ಕೆಳಗಿನ ಕಲ್ಲು ಹಾಗೆ ಹರಿದು ಬೇರ್ಪಡುವ ಸಮಯದಲ್ಲಿ ಉಕ್ಕಿದ್ದು. ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣೆ ಕರ್ನಾಟಕದಲ್ಲಿ ಗುರುತಿಸಿದ ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕಗಳಲ್ಲಿ ಇದೂ ಒಂದು; ಬೆಂಗಳೂರಿನ ಲಾಲ್‌ಬಾಗ್ ಬಂಡೆ ಇನ್ನೊಂದು. ಮುನ್ನೂರು ಕೋಟಿ ವರ್ಷದ ಆ ಬಂಡೆಯ ಮುಂದೆ ತೋನ್ಸೆಪಾರ್ ಕೂಸು.

ಅವಘಡವೂ ಒಂದು ನಡೆಯಿತು, ಅದರಲ್ಲಿ ತಪ್ಪು ನನ್ನದೇ. ನೀರಿನ ಅಂಚಿನಲ್ಲಿದ್ದ ಕಂಬಗಳ ಮೇಲೆ ಕಾಲಿಡಬೇಡಿ ಎಂದು ಎರಡು ಸಲ ಹೇಳಿದ್ದರೂ, ಓರೆಯಾಗಿ ವಾಲಿದ ಕಂಬವೊಂದನ್ನು ಹತ್ತಿರದಿಂದ ನೋಡುವ ಆಸೆಯಿಂದ ಇಳಿದೆ. ಒಣಗಿದಂತೆ ಕಾಣುವ ಹಸಿರು ಪಾಚಿ ಎಷ್ಟು ಜಾರುತ್ತದೆಂಬುದು ಕುಳಿತ ಮೇಲೆ ತಿಳಿಯಿತು. ಮೊಣಕೈ ತರಚಿತು, ಸೀರೆಯ ಅಂಚು ಹರಿಯಿತು, ದೂರದಿಂದ ಕಾವಲಿನವರ ಸೀಟಿ ಉದ್ದಕ್ಕೆ ಕೇಳಿಸಿತು. ತರಗತಿಯಲ್ಲಿ ಮಾತು ಕೇಳದ ಹುಡುಗರನ್ನು ಬೆಂಚಿನ ಮೇಲೆ ನಿಲ್ಲಿಸುತ್ತಿದ್ದ ನನ್ನನ್ನು ಹನ್ನೊಂದು ಜನ ಶಿಕ್ಷಕರು ಸುತ್ತುವರಿದು ನಕ್ಕರು.

ಉಳಿದ ಸಮಯವನ್ನು ಪಶ್ಚಿಮದ ಅಂಚಿನಲ್ಲಿ ಕಳೆದೆವು. ಅಲ್ಲಿ ಮರಳಿಗಿಂತ ಚಿಪ್ಪುಗಳೇ ಹೆಚ್ಚು. ನಡೆದರೆ ಹಪ್ಪಳ ಮುರಿದಂತೆ ಸದ್ದು. ಚಿಪ್ಪನ್ನಾಗಲಿ ಕಲ್ಲಿನ ಚೂರನ್ನಾಗಲಿ ಒಯ್ಯಬಾರದೆಂದು ಉಪನ್ಯಾಸಕರು ಗಟ್ಟಿಯಾಗಿ ಹೇಳಿದ್ದರು, ಆದರೂ ದೋಣಿ ಹತ್ತುವ ಮೊದಲು ಅವರು ಸುಮ್ಮನೆ ನಿಂತು ನೋಡಿದಾಗ ಮೂವರ ಕೈಚೀಲಗಳಿಂದ ಚಿಪ್ಪುಗಳು ವಾಪಸು ದಡಕ್ಕೆ ಬಿದ್ದವು. ಹನ್ನೊಂದೂವರೆಗೆ ಹೊರಟಾಗ ಗಾಳಿ ಎದ್ದಿತ್ತು, ಬರುವಾಗ ತಟ್ಟೆಯಂತಿದ್ದ ನೀರಿನಲ್ಲಿ ದೋಣಿ ಏರಿ ಇಳಿಯುತ್ತಿತ್ತು, ನಮ್ಮ ಎದುರಿನಿಂದ ಮಧ್ಯಾಹ್ನದ ಜನ ತುಂಬಿಕೊಂಡ ದೋಣಿಗಳು ಹಾಡು ಹಾಕಿಕೊಂಡು ಬರುತ್ತಿದ್ದವು.

ಈ ವರ್ಷ ನನ್ನ ಹಳೆಯ ಶಾಲೆಯ ಮುಖ್ಯೋಪಾಧ್ಯಾಯರು ಒಂಬತ್ತನೆಯ ತರಗತಿಯ ನಲವತ್ತು ಮಕ್ಕಳನ್ನು ಇದೇ ರೀತಿ ಕರೆದೊಯ್ಯಲು ಒಪ್ಪಿದ್ದಾರೆ. ನಲವತ್ತು ಮಕ್ಕಳಿಗೆ ಒಬ್ಬ ಮಾರ್ಗದರ್ಶಕರು ಸಾಲದು, ಆದ್ದರಿಂದ ಉಪನ್ಯಾಸಕರು ತಮ್ಮ ಮೂವರು ವಿದ್ಯಾರ್ಥಿಗಳನ್ನೂ ಜೊತೆಗೆ ಕರೆತರುವುದಾಗಿ ಹೇಳಿದ್ದಾರೆ. ಜನವರಿಯ ಎರಡನೆಯ ವಾರದ ಒಂದು ಮಂಗಳವಾರವನ್ನು ಗೊತ್ತುಮಾಡಿದ್ದೇವೆ. ಐದು ಕಿಲೊ ಕಾರ್ನ್‌ಫ್ಲೋರ್ ತರಿಸಿಟ್ಟಿದ್ದೇನೆ. ಬಲ್ಬುಗಳನ್ನು ಇನ್ನೂ ಹುಡುಕುತ್ತಿದ್ದೇನೆ.