ತಿಪ್ಪೇಸ್ವಾಮಿಗಳ ನಡುವೆ ನಿಮ್ಮ ತಿಪ್ಪೇಸ್ವಾಮಿ

ಚಿತ್ರದುರ್ಗದ ಸಂತೆಯಲ್ಲಿ ‘ತಿಪ್ಪೇಸ್ವಾಮಿ’ ಎಂದು ಕೂಗಿದರೆ ನಾಲ್ವರಾದರೂ ತಿರುಗಿ ನೋಡುತ್ತಾರೆ. ಆ ಹೆಸರಿನ ಸಂಶೋಧಕರೊಬ್ಬರ ಲೇಖನಗಳನ್ನು ಗೂಗಲ್ ಸ್ಕಾಲರ್‌ನಲ್ಲಿ ಹುಡುಕಹೊರಟರೂ ಅದೇ ಪಾಡು. ಶಿಲೀಂಧ್ರ, ಸಿಮೆಂಟು, ಶಾಸನ ಎಲ್ಲವೂ ಒಟ್ಟಿಗೆ ಬಂದು ಬೀಳುತ್ತವೆ. ಹಾಗಾಗಿ ಹೆಸರೊಂದನ್ನೇ ನೆಚ್ಚಿಕೊಳ್ಳಬೇಡಿ. ವಿಷಯ, ಗುರು, ಊರು ಇವನ್ನು ಹಿಡಿದು ಹೊರಡಿ.

ಮೊದಲ ಬಾಗಿಲು ಶೋಧಗಂಗಾ. ಗಾಂಧಿನಗರದ ಇನ್‌ಫ್ಲಿಬ್‌ನೆಟ್ ಕೇಂದ್ರ ನಡೆಸುವ ಈ ಭಂಡಾರದಲ್ಲಿ ಪಿಎಚ್‌ಡಿ ಮಹಾಪ್ರಬಂಧಗಳನ್ನು ಉಚಿತವಾಗಿ ಓದಬಹುದು. ಬೇಕಾದ ಪ್ರಬಂಧ ಸಿಕ್ಕರೆ ಮಾರ್ಗದರ್ಶಕರು, ವಿಭಾಗ, ವರ್ಷ ಎಲ್ಲವೂ ತಿಳಿಯುತ್ತವೆ. ಅನೇಕರು ಕೊನೆಯ ಪುಟಗಳಲ್ಲಿ ತಮ್ಮ ಪ್ರಕಟಿತ ಲೇಖನಗಳ ಪಟ್ಟಿಯನ್ನೇ ಕೊಟ್ಟಿರುತ್ತಾರೆ.

ಇನ್ನು ಇಂಗ್ಲಿಷ್ ಕಾಗುಣಿತದ ಕಾಟ. ಟಿ ಆದ ಮೇಲೆ ಎಚ್ ಇರಬಹುದು, ಇಲ್ಲದಿರಬಹುದು. ಕೊನೆಯಲ್ಲಿ ವೈ ಬರಬಹುದು, ಐ ಬರಬಹುದು. ‘ಸ್ವಾಮಿ’ ಬೇರೆ ಪದವಾಗಿ ನಿಂತಿರಬಹುದು. ನಮ್ಮ ಇನಿಶಿಯಲ್ಲು ಊರಿನದೋ ತಂದೆಯದೋ ಆಗಿರುತ್ತದೆ. ಅದನ್ನು ಬಿಡಿಸಿ ಬರೆದರೆ ಊರಿನ ಹೆಸರೇ ಮನೆತನದ ಹೆಸರಾಗಿ ದಾಖಲಾಗುವುದುಂಟು. ಈ ರೂಪಗಳನ್ನೆಲ್ಲ ಕಾಗದದಲ್ಲಿ ಬರೆದುಕೊಂಡು, ಒಂದೊಂದನ್ನೂ ಉದ್ಧರಣ ಚಿಹ್ನೆಯೊಳಗಿಟ್ಟು, ಪಕ್ಕದಲ್ಲಿ ವಿಷಯದ ಒಂದು ಪದ ಸೇರಿಸಿ ಹುಡುಕಿ.

ಲೇಖನದಲ್ಲಿ ಕೊಟ್ಟ ಸಂಸ್ಥೆಯ ವಿಳಾಸವೂ ದಾರಿ ತಪ್ಪಿಸುತ್ತದೆ. ದಾವಣಗೆರೆ ವಿಶ್ವವಿದ್ಯಾಲಯ ಸ್ಥಾಪನೆಯಾದದ್ದು 2009ರಲ್ಲಿ. ಅದಕ್ಕೂ ಮೊದಲು ಅಲ್ಲಿದ್ದದ್ದು ಕುವೆಂಪು ವಿಶ್ವವಿದ್ಯಾಲಯದ ಸ್ನಾತಕೋತ್ತರ ಕೇಂದ್ರ. ಹಳೆಯ ಲೇಖನಗಳನ್ನು ಆ ಹೆಸರಿನಡಿಯೂ ನೋಡಿ.

ಸಂಶೋಧನಾ ಲೇಖನಗಳ ದತ್ತಕೋಶವಾದ ಸ್ಕೋಪಸ್‌ನಲ್ಲಿ ಪ್ರತಿ ಲೇಖಕರಿಗೂ ಗುರುತಿನ ಸಂಖ್ಯೆ ಕೊಡುವುದು ಯಂತ್ರ. ಅದು ಒಬ್ಬರನ್ನು ಇಬ್ಬರಾಗಿಸೀತು, ಇಬ್ಬರನ್ನು ಒಬ್ಬರಾಗಿಸೀತು. 2012ರಲ್ಲಿ ಶುರುವಾದ ಆರ್ಕಿಡ್ (ORCID) ಎಂಬ ಸಂಶೋಧಕರ ನೋಂದಣಿ ವ್ಯವಸ್ಥೆಯ 16 ಅಂಕಿಗಳ ಗುರುತನ್ನು ಸಂಶೋಧಕರೇ ಪಡೆಯುವುದರಿಂದ ನನಗೆ ಅದರ ಮೇಲೆಯೇ ಹೆಚ್ಚು ಭರವಸೆ. ಆದರೆ ಎಷ್ಟೋ ಮಂದಿ ನೋಂದಾಯಿಸಿ ಖಾಲಿ ಬಿಟ್ಟಿರುತ್ತಾರೆ!

ಹಳೆಯ ಕಾಲದವರಿಗೆ ಇದ್ಯಾವುದೂ ನಡೆಯದು. ಚಿತ್ರದುರ್ಗದ ಬಳಿಯ ಚಂದ್ರವಳ್ಳಿಯಲ್ಲಿ 1929ರಲ್ಲಿ ಉತ್ಖನನ ಮಾಡಿದ ಎಂ.ಎಚ್. ಕೃಷ್ಣ ಅವರ ವರದಿ ಮೈಸೂರು ಪುರಾತತ್ವ ಇಲಾಖೆಯ ಪ್ರಕಟಣೆಗಳಲ್ಲಿದೆ. ಬರೀ ‘ಕೃಷ್ಣ’ ಎಂದು ಹುಡುಕಿದರೆ ಯಾರು ಯಾರೋ ಬರುತ್ತಾರೆ. ‘ಚಂದ್ರವಳ್ಳಿ’ ಎಂದು ಹುಡುಕಿದರೆ ಅವರೂ ಸಿಗುತ್ತಾರೆ, 1947ರಲ್ಲಿ ಅಲ್ಲಿಯೇ ಅಗೆಸಿದ ಬ್ರಿಟಿಷ್ ಪುರಾತತ್ವಜ್ಞ ಮಾರ್ಟಿಮರ್ ವೀಲರ್ ಕೂಡ ಸಿಗುತ್ತಾರೆ.

ಸಿಕ್ಕ ಪ್ರತಿ ಲೇಖನದ ಮೊದಲ ಪುಟ ತೆರೆದು ವಿಳಾಸವನ್ನೂ ಸಹಲೇಖಕರನ್ನೂ ಮಹಾಪ್ರಬಂಧದೊಡನೆ ತಾಳೆ ನೋಡಿ. ಎರಡೂ ಹೊಂದದಿದ್ದರೆ ಅದನ್ನು ಅನುಮಾನದ ಪಟ್ಟಿಗೆ ಹಾಕಿ, ಲೇಖನದಲ್ಲಿರುವ ಇಮೇಲ್‌ಗೆ ಒಂದು ಸಾಲು ಬರೆದು ಕೇಳಿ.