ಆ 260 ಯಾರದ್ದು?

ಪಶುವೈದ್ಯನಾದ ಮೊದಲ ವರ್ಷಗಳಲ್ಲಿ ಬೆಕ್ಕು ಬಂತೆಂದರೆ ನನಗೆ ಗೊತ್ತಿದ್ದದ್ದು ಒಂದೇ ದಾರಿ: ಕತ್ತಿನ ಹಿಂದಿನ ಚರ್ಮ ಹಿಡಿದು, ಮೇಜಿಗೆ ಒತ್ತಿ, ಬೇಗ ಮುಗಿಸುವುದು. ಹಾಗೆ ಹಿಡಿದು ರಕ್ತ ತೆಗೆದ ಒಂದು ಬೆಕ್ಕಿನ ಸಕ್ಕರೆ ಡೆಸಿಲೀಟರಿಗೆ 260 ಮಿಲಿಗ್ರಾಂ ಬಂತು. ಚೀಟಿಯಲ್ಲಿ ‘ಡಯಾಬಿಟಿಸ್’ ಅಂತ ಬರೆದೂಬಿಟ್ಟೆ. ಇನ್ಸುಲಿನ್ ಲೆಕ್ಕ ಹಾಕುವಾಗ ಅನುಮಾನವಾಯಿತು. ಇದು ಹೆಚ್ಚು ನೀರು ಕುಡಿಯುತ್ತಿಲ್ಲ, ತೂಕವೂ ಇಳಿದಿಲ್ಲ. ಫ್ರಕ್ಟೋಸಮೈನ್ ಪರೀಕ್ಷೆ ಮಾಡಿಸಿದೆ. ಹಿಂದಿನ ಒಂದೆರಡು ವಾರ ಸಕ್ಕರೆ ಹೇಗಿತ್ತೆಂದು ಹೇಳುವ ಪರೀಕ್ಷೆ ಅದು. ಆ ಗಳಿಗೆಯ ಗಾಬರಿ ಅದನ್ನು ಮುಟ್ಟುವುದಿಲ್ಲ. ನಾರ್ಮಲ್! ಹೆದರಿದ ಬೆಕ್ಕಿಗೆ ಅಡ್ರಿನಲಿನ್ ಏರಿ, ಯಕೃತ್ತು ಸಕ್ಕರೆಯನ್ನು ರಕ್ತಕ್ಕೆ ಬಿಡುತ್ತದೆ. ಆ 260ರಲ್ಲಿ ಬಹುಪಾಲು ನನ್ನದೇ ಕೊಡುಗೆ.

ಈಗ ಬೆಕ್ಕನ್ನು ಬುಟ್ಟಿಯಿಂದ ಎಳೆಯುವುದಿಲ್ಲ. ಮುಚ್ಚಳ ಬಿಚ್ಚಿ, ಮೇಲೊಂದು ಟವೆಲ್ ಹೊದಿಸಿ, ಕೆಳಗಿನ ಅರ್ಧದಲ್ಲೇ ಕೂರಿಸಿ ನೋಡುತ್ತೇನೆ. ಥರ್ಮಾಮೀಟರ್ ಕೊನೆಗೆ. ಅದಕ್ಕೂ ಮೊದಲು ದೂರದಿಂದ ಮುಖ ನೋಡುವುದು: ಕಿವಿ ಹೊರಕ್ಕೆ ತಿರುಗಿವೆಯೇ, ಕಣ್ಣು ಕಿರಿದಾಗಿವೆಯೇ, ಮೂತಿ ಬಿಗಿದಿದೆಯೇ, ಮೀಸೆ ಸೆಟೆದಿದೆಯೇ, ತಲೆ ಭುಜಕ್ಕಿಂತ ಕೆಳಗಿದೆಯೇ. ಒಂದೊಂದಕ್ಕೂ 0ಯಿಂದ 2 ಅಂಕ. ಒಟ್ಟು ಹತ್ತರಲ್ಲಿ 4 ಅಥವಾ ಅದಕ್ಕಿಂತ ಹೆಚ್ಚು ಬಂದರೆ ನೋವಿನ ಔಷಧಿ ಬೇಕು. ಗುರುಗುಟ್ಟುತ್ತಿದೆ, ಖುಷಿಯಾಗಿದೆ ಎಂದು ನಂಬಬೇಡಿ. ನೋವಿದ್ದಾಗಲೂ ಬೆಕ್ಕು ಗುರುಗುಟ್ಟುತ್ತದೆ.

ನಾಯಿಗಳ ವಿಷಯದಲ್ಲಿ ಫೋನಿನ ವಿಡಿಯೋ ನನ್ನ ಕಣ್ಣು ತೆರೆಸಿತು. “ಡಾಕ್ಟ್ರೇ, ಹತ್ತು ವರ್ಷ ಸುಮ್ಮನಿದ್ದದ್ದು ಈಗ ಮಗು ಮೇಲೆ ಗುರ್ ಅನ್ನತ್ತೆ” ಎಂದು ಒಂದು ಲ್ಯಾಬ್ರಡಾರನ್ನು ಕರೆತಂದರು. ಮನೆಯ ವಿಡಿಯೋ ನಿಧಾನವಾಗಿ ಓಡಿಸಿದೆವು. ಗುರ್ ಎನ್ನುವ ಮೊದಲು ಅದು ಮುಖ ತಿರುಗಿಸಿತು, ತುಟಿ ನೆಕ್ಕಿತು, ಕಣ್ಣಿನ ಬಿಳಿ ಕಾಣಿಸಿತು. ಮೂರು ಸಲ ಹೇಳಿತ್ತು, ಪಾಪ. ಮಗುವಿನ ಕೈ ಇದ್ದದ್ದು ಸೊಂಟದ ಮೇಲೆ. ಎಕ್ಸ್‌ರೇಯಲ್ಲಿ ಎರಡೂ ಕಡೆ ಸೊಂಟದ ಕೀಲು ಸವೆದಿತ್ತು. ನೋವಿನ ಔಷಧಿ ಶುರುವಾದ ಮೇಲೆ ಗುರ್ ಎನ್ನುವುದು ನಿಂತಿತು. ಆದರೂ ಮಗುವನ್ನು ಒಂಟಿಯಾಗಿ ಅದರ ಹತ್ತಿರ ಬಿಡಬೇಡಿ ಎಂದೇ ಹೇಳಿ ಕಳಿಸಿದೆ.

ಇದಕ್ಕೆಲ್ಲ ಸಮಯ ಹಿಡಿಯುತ್ತದೆ, ಹೊರಗೆ ಕಾದವರು ಗೊಣಗುತ್ತಾರೆ. ಕೆಲವು ಬೆಕ್ಕುಗಳ ಮುಂದೆ ಇದ್ಯಾವುದೂ ನಡೆಯುವುದೂ ಇಲ್ಲ. ಅಂಥವಕ್ಕೆ ಹೊರಡುವ ಎರಡು ಗಂಟೆ ಮೊದಲೇ ಗಾಬರಿ ತಗ್ಗಿಸುವ ಗ್ಯಾಬಾಪೆಂಟಿನ್ ಔಷಧಿ ಕೊಡಿಸಿ ಬರಹೇಳುತ್ತೇನೆ. ಅದೂ ಆಗದಿದ್ದರೆ, ತುರ್ತಿಲ್ಲವಾದರೆ, ಇನ್ನೊಂದು ದಿನ ಬನ್ನಿ ಎನ್ನುತ್ತೇನೆ.