ವಸ್ತಿ ಬಸ್ಸಿನ ಡ್ಯೂಟಿಯಲ್ಲಿ ಒಸಡು ಕಾಪಾಡಿಕೊಂಡ ಬಗೆ

ಒಸಡಿನಿಂದ ರಕ್ತ ಬಂದರೆ ಅಲ್ಲಿಗೆ ಬ್ರಷ್ ತಾಗಿಸಬಾರದು ಎನ್ನುವವರು ನಮ್ಮ ಡಿಪೋದಲ್ಲಿ ಬಹಳ ಜನರಿದ್ದಾರೆ. ಆಸ್ಪತ್ರೆಯಲ್ಲಿ ಹಲ್ಲು ಕ್ಲೀನ್ ಮಾಡಿಸಿದರೆ ಅವು ಅಲುಗಾಡತೊಡಗುತ್ತವೆ ಎಂದೂ ಹೇಳುತ್ತಾರೆ. ಇವೆರಡನ್ನೂ ನಂಬಿ ಗಟ್ಟಿ ಹಲ್ಲು ಕಳೆದುಕೊಂಡವರನ್ನು ಕಂಡು ನನಗೆ ನೋವಾಗಿದೆ. ನಾನು ಕಲಬುರಗಿಯಿಂದ ಚಿತ್ತಾಪುರ ತಾಲ್ಲೂಕಿನ ಹಳ್ಳಿಗೆ ಹೋಗಿ ರಾತ್ರಿ ಅಲ್ಲೇ ತಂಗುವ ವಸ್ತಿ ಬಸ್ಸಿನ ಕಂಡಕ್ಟರ್. ಸಕ್ಕರೆ ಕಾಯಿಲೆಯೂ ಇದೆ.

ನನಗೆ ಕೆಳಗಿನ ಮುಂದಿನ ಹಲ್ಲುಗಳ ಹಿಂಭಾಗ ನಾಲಿಗೆಗೆ ಒರಟಾಗಿ ತಾಗುತ್ತಿತ್ತು, ಉಜ್ಜಿದಾಗ ರಕ್ತ ಬರುತ್ತಿತ್ತು. ವಾರದ ರಜೆಯಲ್ಲಿ ಎಸ್. ನಿಜಲಿಂಗಪ್ಪ ದಂತ ವೈದ್ಯಕೀಯ ಕಾಲೇಜಿಗೆ ಹೋದೆ. ವೈದ್ಯೆ ಗೆರೆ ಹಾಕಿದ ತೆಳುವಾದ ಕಡ್ಡಿಯನ್ನು ಹಲ್ಲು ಮತ್ತು ಒಸಡಿನ ನಡುವೆ ಇಳಿಸಿ ಆಳ ನೋಡಿದರು. 3 ಮಿ.ಮೀ.ವರೆಗೆ ಸಹಜ, ನನಗೆ ಕೆಲವೆಡೆ 4, ಹಿಂದಿನ ದವಡೆ ಹಲ್ಲುಗಳ ಬಳಿ 5 ಇತ್ತು. ಶಹಾಬಾದ್ ಕಡೆಯ ಕಲ್ಲುನೆಲದ ಗಡಸು ನೀರಿನಿಂದ ಹಲ್ಲಿಗೆ ಆ ಒರಟು ಕಟ್ಟಿತೇ ಎಂದು ಕೇಳಿದೆ.

"ನೀರಿನಿಂದಲ್ಲ ಕಾಕಾ, ನಿಮ್ಮ ಜೊಲ್ಲಿನಲ್ಲಿರುವ ಸುಣ್ಣದಂಶದಿಂದ" ಎಂದರು. ಹಲ್ಲಿನ ಮೇಲೆ ಕೂರುವ ಮೆತ್ತನೆಯ ಪದರವನ್ನು ದಿನವೂ ತೆಗೆಯದಿದ್ದರೆ ಅದು ಜೊಲ್ಲಿನ ಸುಣ್ಣ ಹೀರಿ ಕಲ್ಲಾಗುತ್ತದೆ. ಜೊಲ್ಲಿನ ಗ್ರಂಥಿ ನಾಲಿಗೆಯ ಕೆಳಗೆ ತೆರೆಯುವುದರಿಂದ ಅಲ್ಲೇ ಹೆಚ್ಚು. ಒಮ್ಮೆ ಕಲ್ಲಾದರೆ ಬ್ರಷ್ಷಿಗಾಗಲಿ, ಇದ್ದಿಲಿನ ಪುಡಿಗಾಗಲಿ ಅದು ಜಗ್ಗುವುದಿಲ್ಲ. ದಂತ ವೈದ್ಯರಿಂದಲೇ ತೆಗೆಸಬೇಕು.

ತೆಗೆಸಿದ ಮೇಲೆ ಕೆಲವು ದಿನ ತಣ್ಣೀರು ಜುಮ್ಮೆನ್ನುತ್ತಿತ್ತು, ಹಲ್ಲುಗಳ ನಡುವೆ ಸಂದು ಕಾಣಿಸಿತು. ಅಲುಗಾಟವೆಂದು ಹಲವರು ಹೆದರುವುದು ಇಲ್ಲಿಯೇ. ಸಂದು ಮೊದಲೇ ಇತ್ತು, ಕಲ್ಲು ತುಂಬಿಕೊಂಡು ಮುಚ್ಚಿತ್ತು. ಊತ ಇಳಿದದ್ದರಿಂದ ಒಸಡೂ ಸರಿದು ನಿಂತಿತು. ಆಳವಿದ್ದ ಕಡೆ ಮರಗಟ್ಟಿಸುವ ಇಂಜೆಕ್ಷನ್ ಕೊಟ್ಟು ಬೇರಿನ ತನಕ ಶುಚಿ ಮಾಡಿದರು. ಒಸಡಿನ ಉರಿಯೂತ ಸಕ್ಕರೆಯನ್ನು ಏರಿಸುತ್ತದೆ, ಏರಿದ ಸಕ್ಕರೆ ಒಸಡನ್ನು ಕೆಡಿಸುತ್ತದೆ. ಅದಕ್ಕಾಗಿ ಮೂರು ತಿಂಗಳ ಸರಾಸರಿ ತೋರಿಸುವ ರಕ್ತಪರೀಕ್ಷೆಯನ್ನೂ ಮಾಡಿಸುತ್ತೇನೆ.

ವಸ್ತಿಯಲ್ಲಿ ರಾತ್ರಿ ಊಟ ಮುಗಿದ ಮೇಲೆ ಉಜ್ಜುವುದನ್ನು ಎಂದೂ ಬಿಡುವುದಿಲ್ಲ. ನಿದ್ದೆಯಲ್ಲಿ ಜೊಲ್ಲು ಕಡಿಮೆಯಾಗುವುದರಿಂದ ಬಾಯಲ್ಲಿ ಉಳಿದದ್ದು ಹೆಚ್ಚು ಹಾನಿ ಮಾಡುತ್ತದೆ. ಮೆತ್ತನೆಯ ಬ್ರಷ್ಷನ್ನು ಒಸಡಿನ ಅಂಚಿನ ಕಡೆಗೆ ಓರೆಯಾಗಿ ಹಿಡಿದು, ಒತ್ತದೆ, ಚಿಕ್ಕ ಚಿಕ್ಕದಾಗಿ ಆಡಿಸುತ್ತೇನೆ, ಎರಡು ನಿಮಿಷ. ರಕ್ತ ಬರುವ ಜಾಗವನ್ನೇ ಹೆಚ್ಚು ಮಮತೆಯಿಂದ ಉಜ್ಜುತ್ತೇನೆ. ಫ್ಲೋರೈಡ್ ಪೇಸ್ಟ್ ಉಗುಳಿ ಸುಮ್ಮನಿರುತ್ತೇನೆ, ನೀರು ಮುಕ್ಕಳಿಸಿದರೆ ಅದರ ಫಲ ತೊಳೆದುಹೋಗುತ್ತದೆ. ನಂತರ ಹಲ್ಲಿನ ಸಂದಿನ ಪುಟ್ಟ ಬ್ರಷ್. ಅಳತೆಯನ್ನು ವೈದ್ಯೆಯೇ ಆರಿಸಿಕೊಟ್ಟರು. ದಪ್ಪದ್ದನ್ನು ತುರುಕಿದರೆ ಒಸಡು ಗಾಯವಾಗುತ್ತದೆ. ಜೋಳದ ರೊಟ್ಟಿ, ಶೇಂಗಾ ಹಿಂಡಿಯ ಚೂರುಗಳು ಎಲ್ಲೆಲ್ಲಿ ಅಡಗಿರುತ್ತವೆ ಎಂಬುದು ಇದನ್ನು ಬಳಸಿದವರಿಗೇ ಗೊತ್ತು. ಎರಡೂ ಬ್ರಷ್ಷು ಟಿಕೆಟ್ ಚೀಲದ ಪಕ್ಕದಲ್ಲೇ ಇರುತ್ತವೆ. ಹೀಗೆ ಮಾಡುತ್ತಾ ಬಂದ ಹಾಗೆ ರಕ್ತ ನಿಂತಿತು.

ನಮ್ಮ ಚಾಲಕ ಅಣ್ಣ ಬೀಡಿ ಸೇದುತ್ತಾರೆ, ತಮಗೆ ರಕ್ತವೇ ಬರುವುದಿಲ್ಲ ಎನ್ನುತ್ತಾರೆ. ಹೊಗೆಯಿಂದ ಒಸಡಿನ ರಕ್ತಸ್ರಾವ ಕಡಿಮೆಯಾಗಿ ರೋಗ ಮರೆಯಾಗಿರುತ್ತದೆ ಎಂದು ಅವರಿಗೆ ಹೇಳುತ್ತಲೇ ಇದ್ದೇನೆ. ನನ್ನ ಒಂದು ದವಡೆ ಹಲ್ಲಿನ ಬಳಿ ಆಳ ಇನ್ನೂ ಪೂರ್ತಿ ಇಳಿದಿಲ್ಲ, ಮೂರು ತಿಂಗಳಿಗೊಮ್ಮೆ ತೋರಿಸಬೇಕು. ಮುಂದಿನ ಸಲ ಅವರನ್ನೂ ಕರೆದುಕೊಂಡು ಹೋಗುತ್ತೇನೆ.